ಕಾರಿನ ಕ್ಯಾಬಿನ್ ಫಿಲ್ಟರ್: ಬಾಣ ಮೇಲಕ್ಕೋ ಕೆಳಕ್ಕೋ? ಸಹಾಯ ಬೇಕು

ಸುಮ್ನೆ ದುಡ್ಡು ಯಾಕೆ ಎಂದು ಕ್ಯಾಬಿನ್ ಫಿಲ್ಟರ್ (ಕಾರಿನೊಳಗೆ ಬರುವ ಗಾಳಿ ಸೋಸುವುದು) ನಾನೇ ಬದಲಿಸಲು ಗ್ಲೌವ್ ಬಾಕ್ಸ್ ಬಿಚ್ಚಿ ಕೂತಿದ್ದೇನೆ. ಫಿಲ್ಟರ್ ಮಲಗಿದ ಹಾಗೆ ಒಳಗೆ ಜಾರುತ್ತದೆ. ಹೊಸದರ ಅಂಚಿನಲ್ಲಿ ‘ಏರ್ ಫ್ಲೋ’ ಎಂದು ಬಾಣ ಇದೆ. ಹಳೆಯದು ಇದ್ದ ಹಾಗೇ ಹಾಕೋಣ ಎಂದರೆ, ಅದರ ಬಾಣ ಮೇಲಕ್ಕಿತ್ತು. ಆದರೆ ಒಣಗಿದ ಹೊಂಗೆ ಎಲೆ ಚೂರು, ಧೂಳು ಎಲ್ಲ ಕೂತಿದ್ದೂ ಮೇಲ್ಭಾಗದಲ್ಲೇ! ಗಾಳಿ ಮೇಲಿಂದ ಬಂದರೆ ತಾನೇ ಕಸ ಮೇಲೆ ನಿಲ್ಲುವುದು? ಹೋದ ಸಲವೇ ಯಾರೋ ತಲೆಕೆಳಗೆ ಹಾಕಿರಬೇಕು.

ತಿರುಗಿಸಿ ನೋಡಿದೆ, ಹೇಗಿಟ್ಟರೂ ಸಲೀಸಾಗಿ ಕೂರುತ್ತದೆ. ಮ್ಯಾನುಯಲ್‌ನಲ್ಲಿ ಚಿತ್ರ ಇದೆ, ಬಾಣ ಇಲ್ಲ. ಟಾರ್ಚ್ ಹಾಕಿ ನೋಡಿದರೆ ಗಾಳಿ ಎಳೆಯುವ ಬ್ಲೋವರ್ ಫ್ಯಾನ್ ಫಿಲ್ಟರ್‌ನ ಕೆಳಗಡೆ ಕಾಣುತ್ತದೆ.

ಹಾಗಾದರೆ ಬಾಣ ಫ್ಯಾನ್ ಕಡೆಗೆ, ಅಂದರೆ ಕೆಳಕ್ಕೆ ಇರಬೇಕು ಅಲ್ವಾ? ಇಲ್ಲ, ಹಳೆಯದರ ಹಾಗೆ ಮೇಲಕ್ಕೇ ಇಡಲಾ?