ಪಿಎಸ್ ಕ್ಲಾಸಿಕ್: ಪೆನ್‌ಡ್ರೈವ್ ಹಾಕಿದರೂ ಅದೇ 20 ಗೇಮ್, ತಲೆ ಕೆಟ್ಟು ಹೋಗಿದೆ

ಎರಡನೇ_ಪ್ಲೇಯರ್
ಸೋನಿಯ ಪಿಎಸ್ ಕ್ಲಾಸಿಕ್, 20 ಹಳೇ ಗೇಮ್ ಒಳಗೇ ಇರುವ ಚಿಕ್ಕ ಕನ್ಸೋಲ್. ಅದರಿಂದ ಮೂರು ರಾತ್ರಿ ಹಾಳಾಯಿತು. ಆಟೋಬ್ಲೀಮ್ (ಹೊರಗಿನ ಗೇಮ್ ಸೇರಿಸಿ ಆಡಿಸುವ ಸಾಫ್ಟ್‌ವೇರ್) ಹಾಕಿದ ಪೆನ್‌ಡ್ರೈವ್ ಚುಚ್ಚುತ್ತೇನೆ, ಪವರ್ ಒತ್ತುತ್ತೇನೆ, ಬರುವುದು ಅದೇ ಹಳೇ ಮೆನು, ಅದೇ 20 ಗೇಮ್. ಎರರ್ ಕೂಡ ಇಲ್ಲ. ಎರರ್ ಆದರೂ ಬಂದಿದ್ದರೆ ಹುಡುಕಬಹುದಿತ್ತು. ವಿಡಿಯೋದಲ್ಲಿ ಆ ಹುಡುಗ ಎರಡು ನಿಮಿಷದಲ್ಲಿ ಮಾಡಿ ತೋರಿಸುತ್ತಾನೆ. ಅವನು ಮಾಡಿದ್ದನ್ನೇ ನಾನೂ ಮಾಡಿದ್ದೇನೆ. ಪೆನ್‌ಡ್ರೈವ್ ಹೊಸದು, ಲ್ಯಾಪ್‌ಟಾಪಲ್ಲಿ ಚೆನ್ನಾಗಿ ಓದುತ್ತದೆ. ಉಳಿದದ್ದೆಲ್ಲ ಮಾಮೂಲಿ. ಎಲ್ಲಿ ತಪ್ಪುತ್ತಿದೆ, ಯಾರಾದರೂ ಹೇಳಿ.

ಚೌಕ_ವೃತ್ತ
ಲೇಬಲ್. ಹತ್ತರಲ್ಲಿ ಒಂಬತ್ತು ಸಲ ಲೇಬಲ್ಲೇ. ಪೆನ್‌ಡ್ರೈವ್ ಹೆಸರು ಸೋನಿ ಅಂತ ಇರಬೇಕು, ನಾಲ್ಕೂ ಇಂಗ್ಲಿಷಿನ ದೊಡ್ಡಕ್ಷರ. ಒಂದು ಸ್ಪೇಸ್ ಜಾಸ್ತಿ ಇದ್ದರೂ ಕನ್ಸೋಲ್ ತಿರುಗಿ ನೋಡುವುದಿಲ್ಲ.

ಎರಡನೇ_ಪ್ಲೇಯರ್
ಲೇಬಲ್ ಸರಿ ಇದೆ ಸರ್. ಅದು ಮೊದಲನೇ ದಿನವೇ ನೋಡಿದೆ.

ಚೌಕ_ವೃತ್ತ
ಎಲ್ಲರೂ ಸರಿ ಇದೆ ಅಂತಲೇ ಹೇಳುತ್ತಾರೆ. ಇನ್ನೊಮ್ಮೆ ನೋಡಿ. ಅಳಿಸಿ ಮತ್ತೆ ಟೈಪ್ ಮಾಡಿ.

ಪಿಕ್ಸೆಲ್_ಪುಟ್ಟಿ
ಕನ್ನಡದಲ್ಲಿ ಬರೆದಿಲ್ಲ ತಾನೇ? ತಮಾಷೆಗೆ ಕೇಳಿದೆ 😄
ನಿಜವಾಗಿ ಕೇಳಬೇಕಾದದ್ದು ಬೇರೆ. ಪೆನ್‌ಡ್ರೈವ್ ಎಷ್ಟು ಜಿಬಿ? ಫಾರ್ಮ್ಯಾಟ್, ಅಂದರೆ ಡ್ರೈವ್ ಫೈಲ್ ಜೋಡಿಸಿಡುವ ರೀತಿ, ಫ್ಯಾಟ್32 ಆಗಿದೆಯಾ, ಎಕ್ಸ್‌ಫ್ಯಾಟ್ ಆಗಿದೆಯಾ? ಯಾವ ಪೋರ್ಟಿಗೆ ಹಾಕಿದ್ದೀರಿ?

ಎರಡನೇ_ಪ್ಲೇಯರ್
128 ಜಿಬಿ. ಎಕ್ಸ್‌ಫ್ಯಾಟ್. ಎರಡನೇ ಕಂಟ್ರೋಲರ್ ಪೋರ್ಟ್, ವಿಡಿಯೋದಲ್ಲಿ ಹಾಗೇ ಹೇಳಿದ್ದರು. ವಿಂಡೋಸ್‌ನಲ್ಲಿ ಫ್ಯಾಟ್32 ಅನ್ನೋ ಆಯ್ಕೆಯೇ ಬರಲಿಲ್ಲ.

ಪಿಕ್ಸೆಲ್_ಪುಟ್ಟಿ
ಬರುವುದಿಲ್ಲ. ಆ ಫಾರ್ಮ್ಯಾಟ್ ಕಿಟಕಿ 32 ಜಿಬಿ ದಾಟಿದ ಡ್ರೈವಿಗೆ ಫ್ಯಾಟ್32 ತೋರಿಸುವುದಿಲ್ಲ. ಡ್ರೈವ್ ತಪ್ಪಲ್ಲ, ಆ ಕಿಟಕಿಯ ಮಿತಿ ಅಷ್ಟೇ. ಬೇರೆ ಫಾರ್ಮ್ಯಾಟ್ ಟೂಲ್ ಹಾಕಿಕೊಂಡು ಫ್ಯಾಟ್32 ಮಾಡಿ ನೋಡಿ. ಫ್ಯಾಟ್32ನಲ್ಲಿ ಒಂದು ಫೈಲು 4 ಜಿಬಿ ಮೀರುವಂತಿಲ್ಲ. ಆದರೆ ನಮ್ಮ ಡಿಸ್ಕ್ ಇಮೇಜ್ (ಗೇಮ್ ಡಿಸ್ಕಿನ ಪೂರ್ತಿ ನಕಲು ಫೈಲ್) ಎಲ್ಲ ಸಿಡಿ ಗಾತ್ರದವು, 700 ಎಂಬಿ ಒಳಗೆ. ನಮಗೆ ಅದು ತೊಂದರೆಯೇ ಅಲ್ಲ.

ಚೌಕ_ವೃತ್ತ
ನಾನು ಎಕ್ಸ್‌ಫ್ಯಾಟಲ್ಲೇ ಆಡುತ್ತಿದ್ದೇನೆ, ಏನೂ ಆಗಿಲ್ಲ. ಸುಮ್ನೆ ಅವರಿಗೆ ಕೆಲಸ ಹಚ್ಚಬೇಡಿ. ಲೇಬಲಿನ ಸ್ಕ್ರೀನ್‌ಶಾಟ್ ಹಾಕಲಿ ಮೊದಲು.

ಹಳೇ_ಜಾಯ್‌ಸ್ಟಿಕ್
ಲೇಬಲ್ ಯಾಕೆ ಬೇಕು ಅನ್ನೋದೇ ಹೆಚ್ಚಿನವರಿಗೆ ಗೊತ್ತಿಲ್ಲ, ಆದ್ದರಿಂದ ಹೇಳುತ್ತೇನೆ. ಪೆನ್‌ಡ್ರೈವಿನಿಂದ ಅಪ್‌ಡೇಟ್ ತೆಗೆದುಕೊಳ್ಳುವ ಬಾಗಿಲೊಂದು ಈ ಕನ್ಸೋಲಿನಲ್ಲಿ ಮೊದಲಿಂದಲೂ ಇದೆ. ಆ ಹೆಸರಿನ ಡ್ರೈವ್ ಕಂಡರೆ, ಅದರೊಳಗೆ ಸರಿಯಾದ ಜಾಗದಲ್ಲಿ ಸರಿಯಾದ ಫೈಲ್ ಸಿಕ್ಕರೆ ಅದನ್ನು ಓಡಿಸುತ್ತದೆ. ಅಪ್‌ಡೇಟಿಗೆ ಸಹಿ ಹಾಕುವ ಕೀ ಕೂಡ ಕನ್ಸೋಲಿನ ಒಳಗೇ ಉಳಿದುಬಿಟ್ಟಿತ್ತು. ಮನೆಗೆ ಬೀಗ ಹಾಕಿ ಕೀಲಿಯನ್ನು ಬಾಗಿಲಲ್ಲೇ ಬಿಟ್ಟ ಹಾಗೆ. ಆಮೇಲೆ ಕೇಳಬೇಕೆ!

2018ರ ಡಿಸೆಂಬರ್‌ನಲ್ಲಿ ಇದು ಬಂದ ಹೊಸದರಲ್ಲಿ ಯುಎಸ್‌ಬಿ ಕೀಬೋರ್ಡ್ ಚುಚ್ಚಿ ಎಸ್ಕೇಪ್ ಒತ್ತಿದರೆ ಎಮ್ಯುಲೇಟರಿನ (ಹಳೇ ಗೇಮ್ ಓಡಿಸುವ ಒಳಗಿನ ಸಾಫ್ಟ್‌ವೇರ್) ಮೆನುವೇ ತೆರೆದುಕೊಳ್ಳುತ್ತಿತ್ತು. ಎಲ್ಲ ಕೀಬೋರ್ಡಿಗೂ ಅಲ್ಲ, ಕೆಲವಕ್ಕೆ ಮಾತ್ರ. ನನ್ನದಕ್ಕೆ ತೆರೆದಿತ್ತು. ಆ ಖುಷಿಯೇ ಬೇರೆ.

ಸೋಲ್ಡರ್_ಸುಬ್ಬ
ಇಷ್ಟೆಲ್ಲ ಒದ್ದಾಟ ಯಾಕೆ? ರಾಸ್ಪ್‌ಬೆರಿ ಪೈ ಅನ್ನೋ ಪುಟ್ಟ ಕಂಪ್ಯೂಟರ್ ಬೋರ್ಡ್ ತೆಗೆದುಕೊಳ್ಳಿ. ಈ ಡಬ್ಬಿಯಲ್ಲಿ ಇರುವ 20 ಗೇಮಲ್ಲಿ 9 ಪಾಲ್ ಆವೃತ್ತಿ, ಅಂದರೆ ಯುರೋಪಿನ ಟಿವಿಗೆ ಮಾಡಿದ್ದು. ಸೆಕೆಂಡಿಗೆ 60 ಸಲದ ಬದಲು 50 ಸಲ ಚಿತ್ರ, 50 ಹರ್ಟ್ಸ್! ಆಡಿದರೆ ಎಮ್ಮೆ ನಡೆದ ಹಾಗೆ ಅನಿಸುತ್ತದೆ.

ಹಳೇ_ಜಾಯ್‌ಸ್ಟಿಕ್
ನಾವು ಚಿಕ್ಕವರಿದ್ದಾಗ ಆಡಿದ್ದೂ ಪಾಲ್ ಟಿವಿಯಲ್ಲೇ. ಆಗ ಯಾರಿಗೂ ಎಮ್ಮೆ ಕಾಣಿಸಿರಲಿಲ್ಲ.

ಸೋಲ್ಡರ್_ಸುಬ್ಬ
ಕಾಣಿಸದೇ ಇರಬಹುದು ಸರ್, ಲೆಕ್ಕ ಸುಳ್ಳಾಗುವುದಿಲ್ಲ. 60ಕ್ಕೆ ಬರೆದ ಗೇಮನ್ನು ಹಾಗೇ 50ಕ್ಕೆ ಓಡಿಸಿದರೆ ಸುಮಾರು ಶೇ 17 ನಿಧಾನ.

ಹಳೇ_ಜಾಯ್‌ಸ್ಟಿಕ್
ಹಾಗೇ ಓಡಿಸಿದರೆ. ಪಾಲ್‌ಗೆ ಅಂತಲೇ ವೇಗ ಸರಿ ಮಾಡಿಕೊಂಡ ಗೇಮ್‌ಗಳೂ ಇವೆ, ಎಲ್ಲವನ್ನೂ ಒಂದೇ ಗಂಟು ಕಟ್ಟಬೇಡಿ. ಅದಿರಲಿ, ಇವರು ಹೊಸ ಗೇಮ್ ಹಾಕಲು ಒದ್ದಾಡುತ್ತಿರುವುದೇ ಆ ಕಾರಣಕ್ಕೆ ಇರಬಹುದಲ್ವಾ? ಪೈ ಮಾತು ಬೇರೆ ಥ್ರೆಡ್‌ನಲ್ಲಿ ಆಡಿ.

ಎರಡನೇ_ಪ್ಲೇಯರ್
ಫ್ಯಾಟ್32 ಮಾಡಿದೆ. ಎಲ್ಲ ಮತ್ತೆ ಕಾಪಿ ಮಾಡಿದೆ. ಅದೇ 20 ಗೇಮ್.
ಸ್ಕ್ರೀನ್‌ಶಾಟ್ ಹಾಕಿದ್ದೇನೆ, ನೋಡಿ. ಲೇಬಲ್ ದೊಡ್ಡಕ್ಷರದಲ್ಲೇ ಇದೆ.

ಚೌಕ_ವೃತ್ತ
ಚಿತ್ರದಲ್ಲಿ ಸರಿ ಕಾಣುತ್ತದೆ. ಕೊನೆಯಲ್ಲಿ ಸ್ಪೇಸ್ ಇದ್ದರೆ ಚಿತ್ರದಲ್ಲಿ ಗೊತ್ತಾಗುವುದಿಲ್ಲ. ಮೊದಲು ಸಣ್ಣಕ್ಷರದಲ್ಲಿ ಬರೆದಿದ್ದು ಒಳಗೆ ಹಾಗೇ ಉಳಿದಿರಲೂಬಹುದು.

ಪಿಕ್ಸೆಲ್_ಪುಟ್ಟಿ
ಫ್ಯಾಟ್32ನಲ್ಲಿ ಉಳಿಯಲು ಸಾಧ್ಯವಿಲ್ಲ. ನೀವು ಸಣ್ಣಕ್ಷರ ಟೈಪ್ ಮಾಡಿದರೂ ವಿಂಡೋಸ್ ತಾನೇ ದೊಡ್ಡಕ್ಷರ ಮಾಡಿ ಇಡುತ್ತದೆ. ಎಕ್ಸ್‌ಫ್ಯಾಟಲ್ಲಾದರೆ ಬರೆದ ಹಾಗೇ ಉಳಿಯುತ್ತದೆ. ಲೇಬಲನ್ನು ಇನ್ನು ಬಿಡಿ, ದಯವಿಟ್ಟು.

ಸ್ಕ್ರೀನ್‌ಶಾಟಲ್ಲಿ ನನಗೆ ಬೇರೆ ಒಂದು ಕಾಣಿಸಿತು. ಡ್ರೈವ್ ತೆರೆದರೆ ಆಟೋಬ್ಲೀಮ್ ಅಂತ ಒಂದೇ ಫೋಲ್ಡರ್ ಇದೆ. ಜಿಪ್ ಬಿಚ್ಚಿ ಆ ಫೋಲ್ಡರನ್ನೇ ಎತ್ತಿ ಹಾಕಿದ್ದೀರಾ?

ಎರಡನೇ_ಪ್ಲೇಯರ್
ಹೌದು. ಹಾಗಲ್ವಾ?

ಪಿಕ್ಸೆಲ್_ಪುಟ್ಟಿ
ಅಲ್ಲ. ಅದರ ಒಳಗಿರುವುದನ್ನೆಲ್ಲ ಹೊರಗೆ ತನ್ನಿ. ಡ್ರೈವ್ ತೆರೆದ ತಕ್ಷಣ ಗೇಮ್ಸ್ ಫೋಲ್ಡರ್ ಕಣ್ಣಿಗೆ ಬೀಳಬೇಕು. ಅದರ ಪಕ್ಕದಲ್ಲಿ ಅಂಕಿ ಅಕ್ಷರ ಕಲಸಿದ ಉದ್ದ ಹೆಸರಿನ ಒಂದು ಫೋಲ್ಡರ್ ಇರುತ್ತದೆ. ಕಸ ಅಂದುಕೊಂಡು ಅಳಿಸಬೇಡಿ. ಹಳೇ ಜಾಯ್‌ಸ್ಟಿಕ್ ಸರ್ ಹೇಳಿದ ಬಾಗಿಲು ಅದೇ. ಒಂದು ಫೋಲ್ಡರ್ ಒಳಗೆ ಹೋದರೂ ಕನ್ಸೋಲಿಗೆ ಅದು ಸಿಗುವುದಿಲ್ಲ.

ಎರಡನೇ_ಪ್ಲೇಯರ್
ಅಯ್ಯೋ. ಇದನ್ನು ವಿಡಿಯೋದಲ್ಲಿ ಹೇಳಲೇ ಇಲ್ಲ. ಮನೆಗೆ ಹೋಗಿ ಮಾಡುತ್ತೇನೆ.

ಎರಡನೇ_ಪ್ಲೇಯರ್
ಮಾಡಿದೆ. ಈಗ ಇನ್ನೂ ವಿಚಿತ್ರ. ಪವರ್ ಒತ್ತಿದರೆ ದೀಪ ಹಸಿರಾಗುತ್ತದೆ, ಟಿವಿ ಒಂದು ಕ್ಷಣ ಕಪ್ಪಾಗುತ್ತದೆ, ಆಮೇಲೆ ಎಲ್ಲ ಆಫ್ ಆಗಿ ಮತ್ತೆ ಕಿತ್ತಳೆ ದೀಪ. ನಾಲ್ಕು ಸಲ ಹೀಗೇ. ಐದನೇ ಸಲ ಅದೇ 20 ಗೇಮ್. ಪೆನ್‌ಡ್ರೈವ್ ತೆಗೆದರೆ ಕನ್ಸೋಲ್ ಚೆನ್ನಾಗಿದೆ.

ಚೌಕ_ವೃತ್ತ
ಲೇಬಲ್ ಇನ್ನೊಮ್ಮೆ

ಪಿಕ್ಸೆಲ್_ಪುಟ್ಟಿ
ಬೇಡ!

ಸೋಲ್ಡರ್_ಸುಬ್ಬ
ಸರಿ, ಈಗ ನನ್ನ ಸರದಿ. ಪೆನ್‌ಡ್ರೈವ್ ಯುಎಸ್‌ಬಿ 3.0 ಅಲ್ವಾ? ಒಳಗೆ ನೀಲಿ ಪ್ಲಾಸ್ಟಿಕ್ ಇರಬೇಕು. ಮುಂದಿನ ಎರಡು ಪೋರ್ಟ್‌ಗಳನ್ನು ಮಾಡಿರುವುದೇ ಕಂಟ್ರೋಲರಿಗೆ. ಕನ್ಸೋಲನ್ನು ತಿದ್ದಿ ಮಾಡ್ ಮಾಡುವವರೆಲ್ಲ ಹೇಳುವ ಲೆಕ್ಕ ಪೋರ್ಟಿಗೆ 100 ಮಿಲಿಆಂಪ್. ಕಂಟ್ರೋಲರಿಗೆ ಅದು ಸಾಕು, ಬೇಕಾದಷ್ಟು. ಹೊಸ ವೇಗದ ಪೆನ್‌ಡ್ರೈವ್ ಶುರುವಾಗುವಾಗಲೇ ಅದಕ್ಕಿಂತ ಜಾಸ್ತಿ ಎಳೆಯುತ್ತದೆ. ಹಳೇ ಯುಎಸ್‌ಬಿ 2.0 ಡ್ರೈವ್ ಹಾಕಿ, ಇಲ್ಲವೇ ಸ್ವಂತ ಅಡಾಪ್ಟರ್ ಇರುವ ಹಬ್ ಮಧ್ಯೆ ಇಡಿ.

ನಾನಂತೂ ಬೋರ್ಡ್ ಬಿಚ್ಚಿ ಪೋರ್ಟಿಗೆ 5 ವೋಲ್ಟ್ ನೇರ ಎಳೆದುಬಿಟ್ಟಿದ್ದೇನೆ. ಈಗ ಹಾರ್ಡ್‌ಡಿಸ್ಕ್ ಹಾಕಿದರೂ ಓಡುತ್ತದೆ. ಕೇಸಿನ ಒಳಗೆ ಚಿಕ್ಕ ಹೀಟ್‌ಸಿಂಕೂ ಅಂಟಿಸಿದ್ದೇನೆ. ಅದರ ಪಕ್ಕದಲ್ಲೇ ಎಸ್‌ಎನ್‌ಇಎಸ್ ಮಿನಿ (ನಿಂಟೆಂಡೋದ ಇಂಥದೇ ಚಿಕ್ಕ ಕನ್ಸೋಲ್), ಹೊರಗಿನ ಗೇಮ್ ಸೇರಿಸುವ ಹಕ್ಚಿ ಸಾಫ್ಟ್‌ವೇರ್ ಹಾಕಿದ್ದು. ಅದರ ಒಳಗಿನ 512 ಎಂಬಿ ಫ್ಲ್ಯಾಶ್ ಸಾಲದೆ ಅದಕ್ಕೂ ಹೊರಗಿನ ಡ್ರೈವ್. ಎರಡಕ್ಕೂ ಸೇರಿ ಒಂದೇ ಪವರ್ ಸಪ್ಲೈ, ನಾನೇ ಕಟ್ಟಿದ್ದು. ಫೋಟೋ ನಾಳೆ ಹಾಕುತ್ತೇನೆ.

ಹಳೇ_ಜಾಯ್‌ಸ್ಟಿಕ್
ಫೋಟೋ ಬೇಡ ಅಂತ ಯಾರೂ ಹೇಳುವುದಿಲ್ಲ. ಆದರೆ ಹೊಸಬರು ಓದುತ್ತಿರುತ್ತಾರೆ, ಆ 5 ವೋಲ್ಟ್ ನೇರ ಎಳೆಯುವ ಕೆಲಸಕ್ಕೆ ಕೈ ಹಾಕಬೇಡಿ. ತಪ್ಪಿದರೆ ಬೋರ್ಡೇ ಹೋಗುತ್ತದೆ. ಒಳಗಿರುವುದು ಮೀಡಿಯಾಟೆಕ್ ಚಿಪ್ಪು, 1 ಜಿಬಿ ರ‍್ಯಾಮ್, 16 ಜಿಬಿ ಸಂಗ್ರಹ, ಎಲ್ಲ ಒಂದೇ ಬೋರ್ಡಿನ ಮೇಲೆ. ಒಂದು ಸುಟ್ಟರೆ ಎಲ್ಲ ಸುಟ್ಟ ಹಾಗೆ.

ಎರಡನೇ_ಪ್ಲೇಯರ್
ಪೋರ್ಟಲ್ಲಿ ತೊಂದರೆ ಇಲ್ಲ ಅನಿಸುತ್ತದೆ. ಕಂಟ್ರೋಲರ್ ಎರಡನೇ ಪೋರ್ಟಲ್ಲೂ ಕೆಲಸ ಮಾಡುತ್ತಿದೆ.

ಸೋಲ್ಡರ್_ಸುಬ್ಬ
ಕಂಟ್ರೋಲರ್ ಎಳೆಯುವುದು ಚೂರೇ ಚೂರು. ಅದು ಓಡಿದರೆ ಏನೂ ಸಾಬೀತಾಗುವುದಿಲ್ಲ. ಸೈಕಲ್ ದಾಟಿದ ಸಂಕದ ಮೇಲೆ ಲಾರಿ ದಾಟುತ್ತದೆಯೇ?

ತಂತಿ_ತಜ್ಞೆ
ಇಷ್ಟು ಪೋಸ್ಟ್ ಆಯಿತು, ಒಬ್ಬರೂ ಒಂದು ವಿಷಯ ಕೇಳಲಿಲ್ಲ. ಕನ್ಸೋಲಿಗೆ ಕರೆಂಟ್ ಎಲ್ಲಿಂದ ಕೊಟ್ಟಿದ್ದೀರಿ? ಪೆಟ್ಟಿಗೆಯಲ್ಲಿ ಯುಎಸ್‌ಬಿ ಕೇಬಲ್ ಮಾತ್ರ ಬರುತ್ತದೆ, ಅಡಾಪ್ಟರ್ ಬರುವುದಿಲ್ಲ.

ಎರಡನೇ_ಪ್ಲೇಯರ್
ಟಿವಿಯ ಹಿಂದಿನ ಯುಎಸ್‌ಬಿ ಪೋರ್ಟಿನಿಂದ. ಮೊದಲಿಂದಲೂ ಅಲ್ಲೇ. ಟಿವಿ ಆನ್ ಮಾಡಿದರೆ ಅದೂ ಆನ್ ಆಗುತ್ತದೆ, ಅನುಕೂಲ.

ತಂತಿ_ತಜ್ಞೆ
ಅದನ್ನು ಮೊದಲನೇ ಪೋಸ್ಟಲ್ಲೇ ಹೇಳಬೇಡವೇ ಮಾರಾಯ್ರೆ! ಇದಕ್ಕೆ ಬೇಕಾದದ್ದು 5 ವೋಲ್ಟ್, 1 ಆಂಪ್. ಟಿವಿಯ ಯುಎಸ್‌ಬಿ 2.0 ಪೋರ್ಟ್ ನಿಯಮದ ಪ್ರಕಾರ ಕೊಡುವುದು ಅರ್ಧ ಆಂಪ್. ಸುಮ್ನೆ ಮೆನು ತೋರಿಸುವಾಗ ಅಷ್ಟರಲ್ಲಿ ಹೇಗೋ ನಡೆದುಹೋಗುತ್ತದೆ. ಪೆನ್‌ಡ್ರೈವ್ ಸೇರಿ ಕೆಲಸ ಜಾಸ್ತಿಯಾದ ತಕ್ಷಣ ವೋಲ್ಟೇಜ್ ಬೀಳುತ್ತದೆ, ರೀಸ್ಟಾರ್ಟ್ ಆಗುತ್ತದೆ. ನೀವು ಹೇಳಿದ ಹಸಿರು, ಕಪ್ಪು, ಕಿತ್ತಳೆ ಆಟ ಅದೇ. ಒಂದು ಒಳ್ಳೆಯ ಫೋನ್ ಚಾರ್ಜರ್ ಹಾಕಿ ನೋಡಿ. ಕೇಬಲ್ ಗಿಡ್ಡ ಇದ್ದಷ್ಟೂ ಒಳ್ಳೆಯದು.

ಎರಡನೇ_ಪ್ಲೇಯರ್
ಮಾಮೂಲಿ ಅಂದುಕೊಂಡೆ. ಎಲ್ಲರೂ ಹಾಗೇ ಹಾಕುತ್ತಾರೆ ಅಂತ.

ಎರಡನೇ_ಪ್ಲೇಯರ್
ಬಂತು!!! ಆಟೋಬ್ಲೀಮ್ ಲೋಗೋ ಬಂತು! 43 ಗೇಮ್ ಸ್ಕ್ಯಾನ್ ಮಾಡಿತು, ಮುಖಪುಟದ ಚಿತ್ರಗಳೂ ಬಂದವು. ಎಲ್ಲರಿಗೂ ದೊಡ್ಡ ನಮಸ್ಕಾರ.

ತಂತಿ_ತಜ್ಞೆ
ಕರೆಂಟೇ ಅಂದೆನಲ್ಲ.

ಎರಡನೇ_ಪ್ಲೇಯರ್
2 ಆಂಪ್ ಚಾರ್ಜರ್ ಹಾಕಿದೆ ಮೇಡಂ. ಹಾಗೇ ಸುಬ್ಬ ಅವರು ಹೇಳಿದ ಹಾಗೆ ಹಳೇ 32 ಜಿಬಿ ಯುಎಸ್‌ಬಿ 2.0 ಡ್ರೈವಿಗೆ ಎಲ್ಲ ಕಾಪಿ ಮಾಡಿ ಅದನ್ನೇ ಹಾಕಿದೆ.

ಸೋಲ್ಡರ್_ಸುಬ್ಬ
ಹಾಗಾದರೆ ಪೆನ್‌ಡ್ರೈವ್. ಹಿಂದೆ ಎಷ್ಟೇ ದೊಡ್ಡ ಚಾರ್ಜರ್ ಹಾಕಿದರೂ ಮುಂದಿನ ಪೋರ್ಟಿನ ಮಿತಿ ಬದಲಾಗುವುದಿಲ್ಲ.

ತಂತಿ_ತಜ್ಞೆ
ಪೋರ್ಟಿನ ಮಿತಿ ಮೀರಿದ್ದರೆ ಡ್ರೈವ್ ಕಾಣದೇ ಹೋಗಬೇಕಿತ್ತು. ಇಡೀ ಕನ್ಸೋಲ್ ಯಾಕೆ ಆರಿ ಹೋಯಿತು?

ಸೋಲ್ಡರ್_ಸುಬ್ಬ
ಐದನೇ ಸಲ ಕಾಣದೇ ಹೋಯಿತಲ್ಲ, ಓದಿ.

ಪಿಕ್ಸೆಲ್_ಪುಟ್ಟಿ
ಒಂದೇ ಸಲ ಎರಡೂ ಬದಲಾಯಿಸಿದರೆ ಹೇಗೆ ಹೇಳುವುದು? @ಎರಡನೇ_ಪ್ಲೇಯರ್, ಅದೇ ಚಾರ್ಜರ್ ಇಟ್ಟುಕೊಂಡು 128 ಜಿಬಿ ಡ್ರೈವ್ ಒಮ್ಮೆ ಹಾಕಿ ನೋಡುತ್ತೀರಾ? ಐದು ನಿಮಿಷದ ಕೆಲಸ.

ಎರಡನೇ_ಪ್ಲೇಯರ್
ಕ್ಷಮಿಸಿ, ಓಡುತ್ತಿರುವುದನ್ನು ನಾನು ಮುಟ್ಟುವುದಿಲ್ಲ.

ಒಂದು ಚಿಕ್ಕ ಪ್ರಶ್ನೆ. 43ರಲ್ಲಿ 6 ಗೇಮ್ ಒತ್ತಿದರೆ ಕಪ್ಪು ಪರದೆ ಬಂದು ಮೆನುಗೆ ವಾಪಸ್ಸಾಗುತ್ತದೆ. ಇದೂ ಕರೆಂಟಾ?

ತಂತಿ_ತಜ್ಞೆ
ಅಲ್ಲ. ಆ ಆರಕ್ಕೂ ಏನಾದರೂ ವಿಶೇಷ ಮಾಡಿದ್ದೀರಾ? ಈ ಸಲ ಮಾಮೂಲಿ ಅನ್ನಬೇಡಿ.

ಎರಡನೇ_ಪ್ಲೇಯರ್
ಏನಿಲ್ಲ. ನನ್ನ ಹಳೇ ಡಿಸ್ಕ್‌ಗಳಿಂದಲೇ ತೆಗೆದದ್ದು. ಮೆನುವಿನಲ್ಲಿ ಚೆನ್ನಾಗಿ ಕಾಣಲಿ ಅಂತ ಆ ಆರರ ಫೈಲ್ ಹೆಸರು ಮಾತ್ರ ಕನ್ನಡದಲ್ಲಿ ಬರೆದೆ.

ಹಳೇ_ಜಾಯ್‌ಸ್ಟಿಕ್
ಪುಟ್ಟಿ ತಮಾಷೆ ಮಾಡಿದ್ದು ಕೊನೆಗೂ ನಿಜ ಆಯಿತು 😂

ಗೇಮ್ ಇರುವ ಬಿನ್ ಫೈಲಿನ ಜೊತೆ ಕ್ಯೂ ಅಂತ ಒಂದು ಚಿಕ್ಕ ಫೈಲ್ ಇರುತ್ತದಲ್ಲ, ಅದನ್ನು ನೋಟ್‌ಪ್ಯಾಡಲ್ಲಿ ತೆರೆಯಿರಿ. ಮೊದಲ ಸಾಲಿನಲ್ಲಿ ಬಿನ್ ಫೈಲಿನ ಹೆಸರು ಬರೆದಿರುತ್ತದೆ. ನೀವು ಹೊರಗೆ ಹೆಸರು ಬದಲಾಯಿಸಿದಿರಿ, ಅದರೊಳಗೆ ಹಳೇ ಹೆಸರೇ ಇದೆ. ಎಮ್ಯುಲೇಟರ್ ಹಳೇ ಹೆಸರು ಹಿಡಿದು ಹುಡುಕುತ್ತದೆ, ಸಿಗುವುದಿಲ್ಲ, ಬಿಟ್ಟು ಬರುತ್ತದೆ. ಫೈಲುಗಳಿಗೆ ಹಳೇ ಇಂಗ್ಲಿಷ್ ಹೆಸರೇ ವಾಪಸ್ ಕೊಡಿ. ಮೆನುವಿನಲ್ಲಿ ಕಾಣುವ ಹೆಸರಿಗೂ ಇದಕ್ಕೂ ಗಂಟು ಹಾಕಬೇಡಿ.

ಎರಡನೇ_ಪ್ಲೇಯರ್
ಆರೂ ಓಡಿದವು. ಒಂದರಲ್ಲಿ ಮಾತ್ರ ಅನಲಾಗ್ ಕಡ್ಡಿ ಅಲ್ಲಾಡಿಸಿ ಅನ್ನುತ್ತದೆ, ಇದರ ಕಂಟ್ರೋಲರಲ್ಲಿ ಕಡ್ಡಿಯೇ ಇಲ್ಲ.

ಹಳೇ_ಜಾಯ್‌ಸ್ಟಿಕ್
ಇಲ್ಲ, ಇದು ಮೊದಲ ಮಾದರಿಯ ಪ್ಯಾಡ್. ಕಡ್ಡಿ ಇರುವ ಬೇರೆ ಯುಎಸ್‌ಬಿ ಪ್ಯಾಡ್ ಬೇಕು. ಅದು ಬೇರೆ ಥ್ರೆಡ್, ಅಲ್ಲಿಗೆ ಬನ್ನಿ.

ಸೋಲ್ಡರ್_ಸುಬ್ಬ
ಫೋಟೋ ಹಾಕಿದ್ದೇನೆ, ಕೆಳಗೆ ನೋಡಿ. ಎಡಗಡೆ ಇರುವುದು ಪವರ್ ಸಪ್ಲೈ. ಮಿನುಗುತ್ತಿರುವ ನೀಲಿ ದೀಪ ಸುಮ್ನೆ ಚೆಂದಕ್ಕೆ.

ಚೌಕ_ವೃತ್ತ
ಹಳೇ 32 ಜಿಬಿ ಡ್ರೈವಿಗೆ ಬದಲಾಯಿಸಿದಾಗ ಲೇಬಲ್ ಹೊಸದಾಗಿ ಟೈಪ್ ಮಾಡಿದರಲ್ವಾ? ಅಷ್ಟು ಹೇಳಿ ಸಾಕು.

ಹೊಸ_ಸದಸ್ಯ_ಇಲ್ಲಿ
ನನಗೂ ಇದೇ ಸಮಸ್ಯೆ. ಲೇಬಲ್ ಸರಿ ಇದೆ. ಏನು ಮಾಡಬೇಕು?

ತಂತಿ_ತಜ್ಞೆ
ಯಾವ ಡ್ರೈವ್, ಯಾವ ಫಾರ್ಮ್ಯಾಟ್, ಕರೆಂಟ್ ಎಲ್ಲಿಂದ?

ಹೊಸ_ಸದಸ್ಯ_ಇಲ್ಲಿ
ಎಲ್ಲ ಮಾಮೂಲಿ.