ನಂಬಿಕೆ ಇರುವವರು ವಿಕಾಸವಾದದ ಉತ್ತರ ಹೇಗೆ ಬರೆಯಬೇಕು?

ಪ್ರಶ್ನೆ: ಮೇಡಂ, ನಾನು ಡಿಗ್ರಿ ಮೊದಲ ವರ್ಷ, ಜೀವಶಾಸ್ತ್ರ ಓದುತ್ತಿದ್ದೇನೆ. ನನಗೆ ದೇವರಲ್ಲಿ ನಂಬಿಕೆ ಜಾಸ್ತಿ. ವಿಕಾಸವಾದದ ಪಾಠ ಮೂರು ನಾಲ್ಕು ಸಲ ಓದಿದೆ, ಅಂಡರ್‌ಲೈನ್ ಮಾಡಿದೆ, ಆದರೂ ಪರೀಕ್ಷೆಯಲ್ಲಿ ಕೈ ಓಡಲಿಲ್ಲ. ಮನಸ್ಸು ಒಪ್ಪದೇ ಇರುವುದಕ್ಕೇ ತಲೆಗೆ ಹತ್ತುತ್ತಿಲ್ಲವೇನೋ. ಒಪ್ಪದ್ದನ್ನು ಬರೆದರೆ ಸುಳ್ಳು ಹೇಳಿದ ಹಾಗಲ್ವಾ? ವಿಜ್ಞಾನ, ಧರ್ಮ ಎರಡರ ಬಗ್ಗೆಯೂ ನೀವು ಬರೆಯುತ್ತೀರಿ, ಅದಕ್ಕೇ ಕೇಳಿದೆ.

ಉತ್ತರ: ಮೊದಲು ಓದಿನ ವಿಷಯ ಹೇಳಿಬಿಡುತ್ತೇನೆ, ಯಾಕೆಂದರೆ ನಿಮ್ಮ ಅಂಕ ಹೋಗಿರುವುದು ಬಹುಶಃ ಅಲ್ಲೇ. ಸುಮ್ನೆ ನಂಬಿಕೆಯ ಮೇಲೆ ತಪ್ಪು ಹೊರಿಸಬೇಡಿ. 2006ರಲ್ಲಿ ರೋಡಿಗರ್ ಮತ್ತು ಕಾರ್ಪಿಕೆ ಎಂಬ ಮನಶ್ಶಾಸ್ತ್ರಜ್ಞರು ಒಂದು ಪ್ರಯೋಗ ಮಾಡಿದರು. ಒಂದು ಗುಂಪು ಪಾಠವನ್ನು ನಾಲ್ಕು ಸಲ ಓದಿತು. ಇನ್ನೊಂದು ಗುಂಪು ಒಂದೇ ಸಲ ಓದಿ, ಮೂರು ಸಲ ನೋಡದೆ ನೆನಪಿನಿಂದ ಬರೆಯಿತು. ಐದು ನಿಮಿಷ ಬಿಟ್ಟು ಕೇಳಿದಾಗ ಓದಿದವರೇ ಮುಂದಿದ್ದರು. ಒಂದು ವಾರ ಬಿಟ್ಟು ಕೇಳಿದಾಗ ಓದಿದವರಿಗೆ ಉಳಿದಿದ್ದು ಸುಮಾರು ಶೇ. 40, ಬರೆದವರಿಗೆ ಶೇ. 61. ಓದುತ್ತಾ ಹೋದಂತೆ ಸಾಲುಗಳು ಪರಿಚಯ ಆಗುತ್ತವೆ, ಬಂತು ಅನ್ನಿಸುತ್ತದೆ, ಆದರೆ ಹಾಳೆಯ ಮುಂದೆ ಕೂತಾಗ ಬರುವುದಿಲ್ಲ. ಪುಸ್ತಕ ಮುಚ್ಚಿ ಬರೆಯಿರಿ, ಆಮೇಲೆ ತೆರೆದು ಬಿಟ್ಟುಹೋದದ್ದನ್ನು ನೋಡಿ. ಎರಡು ದಿನ ಬಿಟ್ಟು ಮತ್ತೆ ಬರೆಯಿರಿ.

ಇನ್ನು ಸುಳ್ಳಿನ ಮಾತು. ಉತ್ತರಪತ್ರಿಕೆ ನಿಮ್ಮ ನಂಬಿಕೆಯನ್ನು ಕೇಳುವುದಿಲ್ಲ, ಸಾಕ್ಷಿ ಏನು, ಅದರಿಂದ ಏನು ತಿಳಿಯುತ್ತದೆ ಅಂತ ಕೇಳುತ್ತದೆ. ತಿಮಿಂಗಿಲಕ್ಕೆ ಹಿಂಗಾಲು ಇಲ್ಲ, ಆದರೆ ಮೈಯೊಳಗೆ ಸೊಂಟದ ಮೂಳೆಯ ಚಿಕ್ಕ ತುಂಡುಗಳಿವೆ. ನೆಲದ ಮೇಲೆ ನಡೆಯುತ್ತಿದ್ದ ಅದರ ಪೂರ್ವಜರ ಪಳೆಯುಳಿಕೆಗಳೂ ಸಿಕ್ಕಿವೆ. ಈ ಎರಡನ್ನೂ ಸೇರಿಸಿ, ನೆಲದ ಪ್ರಾಣಿಗಳಿಂದ ತಿಮಿಂಗಿಲ ಬಂತು ಎನ್ನುವ ತೀರ್ಮಾನಕ್ಕೆ ಹೇಗೆ ಬರುತ್ತಾರೆ ಅಂತ ವಿವರಿಸಿದರೆ ಒಳ್ಳೆಯ ಉತ್ತರ ಆಯಿತು. ಅದರಲ್ಲಿ ಒಂದು ಸಾಲೂ ಸುಳ್ಳಿಲ್ಲ.

ಇನ್ನೊಬ್ಬ ಸದಸ್ಯರು: ಮೇಡಂ, ನೀವು ಸ್ವಲ್ಪ ಜಾಸ್ತಿಯೇ ಸಮಾಧಾನ ಮಾಡುತ್ತಿದ್ದೀರಿ. ದೇವರನ್ನು ಬಿಡದೆ ಯಾರೂ ನಿಜವಾದ ವಿಜ್ಞಾನಿ ಆಗಲಾರರು.

ಉತ್ತರ: ಇದನ್ನು ನಾನು ಒಪ್ಪುವುದಿಲ್ಲ. 1979ರ ಭೌತಶಾಸ್ತ್ರದ ನೊಬೆಲ್ ನೋಡಿ. ಅಬ್ದುಸ್ ಸಲಾಂ ದೈವಭಕ್ತ ಮುಸ್ಲಿಂ. ಸ್ಟೀವನ್ ವೈನ್‌ಬರ್ಗ್ ಪಕ್ಕಾ ನಾಸ್ತಿಕ. ವಿದ್ಯುತ್ಕಾಂತ ಬಲವನ್ನೂ ಪರಮಾಣುವಿನ ಒಳಗೆ ಕೆಲಸ ಮಾಡುವ ‘ದುರ್ಬಲ ಬಲ’ವನ್ನೂ ಒಂದುಗೂಡಿಸುವ ಒಂದೇ ಸಿದ್ಧಾಂತಕ್ಕೆ ಇಬ್ಬರೂ ಬೇರೆ ಬೇರೆಯಾಗಿ ಬಂದರು, ಶೆಲ್ಡನ್ ಗ್ಲ್ಯಾಷೋ ಜೊತೆ ಬಹುಮಾನ ಹಂಚಿಕೊಂಡರು. ಲೆಕ್ಕ ಇಬ್ಬರಿಗೂ ಒಂದೇ. ವಿಶ್ವ ಹಿಗ್ಗುತ್ತಿದೆ ಎಂದು 1927ರಲ್ಲೇ ಬರೆದ ಜಾರ್ಜ್ ಲೆಮೇತ್ರ್ ಕ್ಯಾಥೊಲಿಕ್ ಪಾದ್ರಿ. 1951ರಲ್ಲಿ ಪೋಪ್ ಈ ಹೊಸ ಖಗೋಳ ವಿಜ್ಞಾನವನ್ನು ದೇವರ ಸೃಷ್ಟಿಗೆ ಆಧಾರದಂತೆ ಭಾಷಣದಲ್ಲಿ ಬಳಸಿದಾಗ ಲೆಮೇತ್ರ್ ಅವರಿಗೇ ಅದು ಹಿಡಿಸಲಿಲ್ಲ. ತಮ್ಮ ಸಿದ್ಧಾಂತ ನಂಬುವವನಿಗೂ ನಂಬದವನಿಗೂ ಒಂದೇ ರೀತಿ ತೆರೆದಿರಬೇಕು ಎನ್ನುವುದು ಅವರ ನಿಲುವು. ನನಗೆ ಅವರ ಮೇಲೆ ತುಂಬಾ ಗೌರವ ಇರುವುದು ಇದಕ್ಕೇ.

ಪ್ರಶ್ನೆ ಕೇಳಿದವರು: ಹಾಗಾದರೆ ಎಲ್ಲೂ ಜಗಳವೇ ಇಲ್ವಾ ಮೇಡಂ?

ಉತ್ತರ: ಇದೆ, ಮುಚ್ಚಿಡುವುದಿಲ್ಲ. ಭೂಮಿಗೆ ಕೆಲವೇ ಸಾವಿರ ವರ್ಷ ಅಂತ ಯಾರಾದರೂ ಗ್ರಂಥದ ಅಕ್ಷರಕ್ಕೆ ಅಂಟಿಕೊಂಡು ಹೇಳಿದರೆ, ಕಲ್ಲಿನೊಳಗಿನ ಯುರೇನಿಯಂ ನಿಧಾನವಾಗಿ ಸೀಸವಾಗುವ ಲೆಕ್ಕದಿಂದ ಸಿಗುವ ಸುಮಾರು 454 ಕೋಟಿ ವರ್ಷಕ್ಕೂ ಅದಕ್ಕೂ ರಾಜಿ ಸಾಧ್ಯವಿಲ್ಲ. ಅಲ್ಲಿ ಸಾಕ್ಷಿಯ ಕಡೆಗೇ ನಿಲ್ಲಬೇಕು. ಆದರೆ ನಿಮ್ಮ ಪ್ರಾರ್ಥನೆ, ಬದುಕಿಗೊಂದು ಅರ್ಥ ಬೇಕೆನ್ನುವ ಹಂಬಲ, ಇವು ಕಲ್ಲಿನ ವಯಸ್ಸಿನ ಬಗ್ಗೆ ಏನನ್ನೂ ಹೇಳುತ್ತಿಲ್ಲ. ನಿಮ್ಮ ನಂಬಿಕೆಯಲ್ಲಿ ಯಾವುದು ಯಾವ ಬಗೆಯದು ಅಂತ ನೀವೇ ಕೂತು ವಿಂಗಡಿಸಬೇಕು. ಈ ಸೆಮಿಸ್ಟರ್‌ನಲ್ಲೇ ಅದು ಮುಗಿಯಬೇಕು ಅಂತೇನಿಲ್ಲ. ಪರೀಕ್ಷೆಗೆ ಮಾತ್ರ ಇವತ್ತೇ ಆ ಪಾಠ ತೆಗೆದು ಒಂದು ಸಲ ಓದಿ, ಪುಸ್ತಕ ಮುಚ್ಚಿ ಬರೆಯಿರಿ. ಬರೆದದ್ದನ್ನು ಇಲ್ಲಿ ಹಾಕಿ, ನಾನು ನೋಡಿ ಹೇಳುತ್ತೇನೆ.