ಎಫ್‌ಪಿಎಸ್ 120 ತೋರಿಸುತ್ತೆ, ಆದರೂ ಗೇಮ್ ಜರ್ಕ್ ಹೊಡೆಯುತ್ತೆ: ಹಿಂದೆ ಓಡ್ತಿರೋ ಯಾವ ಸಾಫ್ಟ್‌ವೇರ್ ನಿಲ್ಲಿಸಬೇಕು?

ಶಿರಾಗೇಟ್_ರಿಗ್, ತುಮಕೂರು

ಎಲ್ಲರಿಗೂ ನಮಸ್ಕಾರ. ಪಿಸಿ ವಿವರ ಮೊದಲು: ಇಂಟೆಲ್ ಐ5 12400ಎಫ್, ಆರ್‌ಟಿಎಕ್ಸ್ 3060, 8+8 ಜಿಬಿ ರ‍್ಯಾಮ್, ವಿಂಡೋಸ್ 11 ಹೋಮ್, 144 ಹರ್ಟ್ಸ್ ಮಾನಿಟರ್. ಗೇಮ್‌ಗಳೆಲ್ಲ ಎಸ್‌ಎಸ್‌ಡಿಯಲ್ಲೇ ಇವೆ. ಆಡೋದು ವ್ಯಾಲರಂಟ್, ಜಿಟಿಎ 5.

ಹಗಲು ಇದೇ ಪಿಸಿಯಲ್ಲಿ ಮನೆಯವರು ಕೊಬ್ಬರಿ ಮಂಡಿ ಲೆಕ್ಕ ಬರೀತಾರೆ. ಹಾಗಾಗಿ ಟ್ಯಾಲಿ, ಜಿಎಸ್‌ಟಿ ಡಿಜಿಟಲ್ ಸಹಿಗೆ ಎಂಸೈನರ್, ನುಡಿ, ಪ್ರಿಂಟರ್ ಸಾಫ್ಟ್‌ವೇರ್ ಎಲ್ಲಾ ಇವೆ. ನನ್ನ ಕಡೆಯಿಂದ ಡಿಸ್ಕಾರ್ಡ್, ಕ್ರೋಮ್, ಒನ್‌ಡ್ರೈವ್, ಕ್ಯಾಬಿನೆಟ್ ಲೈಟ್‌ಗಳ ಸಾಫ್ಟ್‌ವೇರ್, ತಾಪಮಾನ ನೋಡೋಕೆ ಎಚ್‌ಡಬ್ಲ್ಯೂಇನ್ಫೋ.

ಸಮಸ್ಯೆ ಎರಡು. ಮೂಲೆಯಲ್ಲಿ ಎಫ್‌ಪಿಎಸ್ (ಸೆಕೆಂಡಿಗೆ ಬರೋ ಚಿತ್ರ, ಅಂದ್ರೆ ಫ್ರೇಮ್‌ಗಳ ಸಂಖ್ಯೆ) 120ರ ಮೇಲೇ ಇರುತ್ತೆ, ಆದರೆ ಕೆಲವು ಸೆಕೆಂಡಿಗೊಮ್ಮೆ ಚಿತ್ರ ಜಗ್ಗಿದ ಹಾಗಾಗುತ್ತೆ. ಸಂಜೆ ಹೊತ್ತು ಪಿಂಗ್ (ಸರ್ವರ್‌ನಿಂದ ಉತ್ತರ ಬರೋಕೆ ಹಿಡಿಯೋ ಸಮಯ) ಕೂಡ ಒಮ್ಮೊಮ್ಮೆ 150 ಮಿಲಿಸೆಕೆಂಡ್ ದಾಟುತ್ತೆ. ಯೂಟ್ಯೂಬ್‌ನಲ್ಲಿ ವಿಂಡೋಸ್ ಸರ್ವಿಸ್‌ಗಳ ಉದ್ದನೆಯ ಪಟ್ಟಿ ಕೊಟ್ಟು ಎಲ್ಲಾ ಡಿಸೇಬಲ್ ಮಾಡಿ ಅಂತಾರೆ. ಮಾಡಬಹುದಾ? ಯಾವುದನ್ನ ಮುಟ್ಟಬಾರದು?

---

ಬಂಗಾರಪೇಟೆ_ಫ್ರೇಮ್, ಕೋಲಾರ

ಆ ಪಟ್ಟಿ ಸದ್ಯಕ್ಕೆ ಬಿಡಿ ಗುರು. ಮೊದಲು ಅಳತೆ ಆಗಬೇಕು, ಆಮೇಲೆ ಚಿಕಿತ್ಸೆ.

ಎಫ್‌ಪಿಎಸ್ ಅಂಕಿ ಒಂದು ಸೆಕೆಂಡಿನ ಸರಾಸರಿ, ಜರ್ಕ್ ಅದರೊಳಗೆ ಮುಚ್ಚಿಹೋಗುತ್ತೆ. ಲೆಕ್ಕ ಹಾಕಿ ನೋಡಿ: 120 ಎಫ್‌ಪಿಎಸ್ ಅಂದ್ರೆ ಒಂದು ಫ್ರೇಮಿಗೆ 8.3 ಮಿಲಿಸೆಕೆಂಡ್. ನಡುವೆ ಒಂದೇ ಒಂದು ಫ್ರೇಮ್ 50 ಮಿಲಿಸೆಕೆಂಡ್ ತಗೊಂಡರೂ ಆ ಸೆಕೆಂಡಿನ ಅಂಕಿ 115ರ ಆಸುಪಾಸಿಗೆ ಇಳಿಯುತ್ತೆ ಅಷ್ಟೇ. ಕಣ್ಣಿಗೆ ಮಾತ್ರ ಆ 50 ಚೆನ್ನಾಗಿ ಕಾಣುತ್ತೆ. ಅದಕ್ಕೆ ನೋಡಬೇಕಾದ್ದು ಫ್ರೇಮ್‌ಟೈಮ್ ಗ್ರಾಫ್. ಕ್ಯಾಪ್‌ಫ್ರೇಮ್‌ಎಕ್ಸ್ ಅಥವಾ ಇಂಟೆಲ್‌ನ ಪ್ರೆಸೆಂಟ್‌ಮಾನ್ ಹಾಕಿಕೊಳ್ಳಿ, ಎರಡೂ ಉಚಿತ. ಜಿಟಿಎ 5ರ ಒಳಗೇ ಇರೋ ಬೆಂಚ್‌ಮಾರ್ಕ್ ಓಡಿಸಿ ರೆಕಾರ್ಡ್ ಮಾಡಿ. ಪ್ರತಿ ಸಲ ಅದೇ ದೃಶ್ಯ ಬರೋದರಿಂದ ಹೋಲಿಸೋಕೆ ಸುಲಭ. ಆನ್‌ಲೈನ್ ಮ್ಯಾಚ್‌ನಲ್ಲಿ ಅಳೆದರೆ ಒಂದು ಸಲದ್ದು ಇನ್ನೊಂದು ಸಲಕ್ಕೆ ಹೊಂದೋದಿಲ್ಲ.

ಗ್ರಾಫಿನಲ್ಲಿ ಮುಳ್ಳುಗಳು ಹೇಗೆ ಎದ್ದಿವೆ ಅನ್ನೋದರಲ್ಲೇ ಅರ್ಧ ಉತ್ತರ ಇರುತ್ತೆ. ಸರಿಯಾಗಿ 1 ಸೆಕೆಂಡ್, 2 ಸೆಕೆಂಡಿಗೊಮ್ಮೆ ತಾಳ ಹಾಕಿದ ಹಾಗೆ ಬರ್ತಿದ್ರೆ ಯಾವುದೋ ಪ್ರೋಗ್ರಾಂ ಟೈಮರ್ ಇಟ್ಟುಕೊಂಡು ಸೆನ್ಸರ್ ಓದ್ತಿದೆ ಅಂತ ಅರ್ಥ. ಲೆಕ್ಕವಿಲ್ಲದೆ ಗುಂಪುಗುಂಪಾಗಿ ಬಂದರೆ ಡಿಸ್ಕ್, ಆ್ಯಂಟಿವೈರಸ್ ಅಥವಾ ಅಪ್‌ಡೇಟ್ ಕಡೆ ನೋಡಿ. ಹೊಸ ಜಾಗಕ್ಕೆ ಹೋದಾಗ ಮಾತ್ರ ಬಂದು, ಎರಡನೇ ಸಲ ಬರದಿದ್ದರೆ ಅದು ಗೇಮಿನ ಶೇಡರ್ (ಚಿತ್ರ ಬಿಡಿಸೋ ಸಣ್ಣ ಪ್ರೋಗ್ರಾಂ) ತಯಾರಿ. ಅದಕ್ಕೆ ಹಿನ್ನೆಲೆ ಸಾಫ್ಟ್‌ವೇರ್ ಕಾರಣವೇ ಅಲ್ಲ.

ಇದಾದ ಮೇಲೆ ಕ್ಲೀನ್ ಬೂಟ್, ಅಂದ್ರೆ ಹೊರಗಿನ ಪ್ರೋಗ್ರಾಂಗಳಿಲ್ಲದೆ ವಿಂಡೋಸ್ ಶುರು ಮಾಡೋದು. ವಿಂಡೋಸ್+ಆರ್ ಒತ್ತಿ ಎಂಎಸ್‌ಕಾನ್ಫಿಗ್ ತೆರೆದು ಸರ್ವಿಸಸ್‌ಗೆ ಹೋಗಿ. ಕೆಳಗಿರೋ ‘ಹೈಡ್ ಆಲ್ ಮೈಕ್ರೋಸಾಫ್ಟ್ ಸರ್ವಿಸಸ್’ ಟಿಕ್ ಹಾಕೋದು ಮರೀಬೇಡಿ. ಅದಿಲ್ಲದೆ ಎಲ್ಲಾ ಡಿಸೇಬಲ್ ಮಾಡಿದ್ರೆ ಲಾಗಿನ್ ಪಿನ್ ಕೂಡ ಕೈಕೊಡಬಹುದು. ಉಳಿದದ್ದರಲ್ಲಿ ವ್ಯಾಲರಂಟ್‌ನ ಮೋಸ ತಡೆಯೋ ವ್ಯಾನ್‌ಗಾರ್ಡ್ ಸರ್ವಿಸ್ ‘ವಿಜಿಸಿ’ ಬಿಟ್ಟು ಮಿಕ್ಕವನ್ನು ನಿಲ್ಲಿಸಿ. ಟಾಸ್ಕ್ ಮ್ಯಾನೇಜರ್‌ನ ಸ್ಟಾರ್ಟಪ್ ಆ್ಯಪ್ಸ್‌ನಲ್ಲೂ ಎಲ್ಲಾ ಡಿಸೇಬಲ್ ಮಾಡಿ ರೀಸ್ಟಾರ್ಟ್ ಕೊಡಿ. ಶಟ್‌ಡೌನ್ ಸಾಲದು. ಫಾಸ್ಟ್ ಸ್ಟಾರ್ಟಪ್ ಆನ್ ಇದ್ದರೆ ಶಟ್‌ಡೌನ್ ಮಾಡಿದಾಗ ಕರ್ನಲ್, ಡ್ರೈವರ್‌ಗಳ ಹಳೇ ಸ್ಥಿತಿಯೇ ಫೈಲಿನಲ್ಲಿ ಉಳಿದು ವಾಪಸ್ ಬರುತ್ತೆ.

ಈಗ ಅದೇ ಬೆಂಚ್‌ಮಾರ್ಕ್. ಮುಳ್ಳು ಹೋಗಿದ್ದರೆ ಅರ್ಧ ಸರ್ವಿಸ್‌ಗಳನ್ನ ಆನ್ ಮಾಡಿ ಮತ್ತೆ ನೋಡಿ. ಮುಳ್ಳು ವಾಪಸ್ ಬಂದ್ರೆ ಕಳ್ಳ ಆ ಅರ್ಧದಲ್ಲಿದ್ದಾನೆ, ಬರದಿದ್ದರೆ ಇನ್ನೊಂದರಲ್ಲಿ. 16 ಇದ್ದರೂ ನಾಲ್ಕು ರೀಸ್ಟಾರ್ಟ್‌ಗೆ ಒಂದಕ್ಕೆ ಬಂದು ನಿಲ್ತೀರ.

---

ನಂದಿತಪ್ಪಲು_ಪಿಸಿ, ಚಿಕ್ಕಬಳ್ಳಾಪುರ

ಮೇಲಿನವರ ದಾರಿ ಸರಿ. ಆದರೆ ನಿಮ್ಮ ಪಟ್ಟಿ ನೋಡಿದರೆ ಮೊದಲ ಅನುಮಾನ ಲೈಟ್ ಸಾಫ್ಟ್‌ವೇರ್ ಮತ್ತು ಎಚ್‌ಡಬ್ಲ್ಯೂಇನ್ಫೋ ಜೋಡಿ ಮೇಲೆ. ಇವು ಮದರ್‌ಬೋರ್ಡ್‌ನ ಎಸ್‌ಎಂಬಸ್, ಎಂಬೆಡೆಡ್ ಕಂಟ್ರೋಲರ್ ಅನ್ನೋ ಒಳದಾರಿಗಳ ಮುಖಾಂತರ ಸೆನ್ಸರ್ ಓದ್ತವೆ, ಲೈಟ್ ನಡೆಸ್ತವೆ. ಆ ದಾರಿ ತುಂಬ ನಿಧಾನ. ಎರಡು ಪ್ರೋಗ್ರಾಂ ಒಂದೇ ಹೊತ್ತಿಗೆ ಕೇಳಿದರೆ ಒಂದು ಕಾಯಬೇಕು, ಆ ಕಾಯುವಿಕೆ ಫ್ರೇಮ್ ಮೇಲೆ ಬೀಳುತ್ತೆ. ಟಾಸ್ಕ್ ಮ್ಯಾನೇಜರ್‌ನಲ್ಲಿ ಎರಡೂ 1 ಪರ್ಸೆಂಟ್ ಸಿಪಿಯು ಕೂಡ ತೋರಿಸಲ್ಲ, ಅದಕ್ಕೇ ಜನ ಇವನ್ನ ಅನುಮಾನಿಸೋದೇ ಇಲ್ಲ. ಎಚ್‌ಡಬ್ಲ್ಯೂಇನ್ಫೋ ಓದುವ ಅವಧಿ ಮೊದಲಿಂದ 2000 ಮಿಲಿಸೆಕೆಂಡ್ ಇರುತ್ತೆ, ಗ್ರಾಫಿಕ್ಸ್ ಕಾರ್ಡ್ ನೋಡಿಕೊಳ್ಳೋ ಆಫ್ಟರ್‌ಬರ್ನರ್ ಹಾಕಿದ್ದರೆ ಅದರದು 1000. ನಿಮ್ಮ ಮುಳ್ಳುಗಳ ಅಂತರ ಇದಕ್ಕೆ ಹೊಂದುತ್ತಾ ನೋಡಿ. ಲೈಟ್ ಬಣ್ಣವನ್ನ ಬೋರ್ಡಿನ ಮೆಮೊರಿಗೇ ಸೇವ್ ಮಾಡೋ ಸೌಲಭ್ಯ ಇದ್ದರೆ ಸೇವ್ ಮಾಡಿ, ಸಾಫ್ಟ್‌ವೇರನ್ನ ಸ್ಟಾರ್ಟಪ್‌ನಿಂದ ತೆಗೆದುಬಿಡಿ. ಅದರ ಸರ್ವಿಸ್ ಬೇರೆ ಹೆಸರಿನಲ್ಲಿ ಉಳಿದಿರುತ್ತೆ, ಅದನ್ನೂ ಮ್ಯಾನ್ಯುಯಲ್‌ಗೆ (ಕರೆದಾಗ ಮಾತ್ರ ಓಡೋ ಹಾಗೆ) ಹಾಕಿ.

ಎರಡನೇದು ರೆಕಾರ್ಡಿಂಗ್. ಸೆಟ್ಟಿಂಗ್ಸ್, ಗೇಮಿಂಗ್, ಕ್ಯಾಪ್ಚರ್ಸ್‌ನಲ್ಲಿ ‘ರೆಕಾರ್ಡ್ ವಾಟ್ ಹ್ಯಾಪನ್ಡ್’ ಆಫ್ ಇರಲಿ. ಆಲ್ಟ್+ಝಡ್ ಒತ್ತಿ ಎನ್‌ವಿಡಿಯಾ ಓವರ್‌ಲೇ (ಗೇಮ್ ಮೇಲೆ ಮೂಡೋ ಪರದೆ) ಬಂದರೆ ಅದರಲ್ಲಿ ಇನ್‌ಸ್ಟಂಟ್ ರೀಪ್ಲೇ ಆಫ್ ಮಾಡಿ. ಎರಡೂ ಆನ್ ಇದ್ದರೆ ಒಂದೇ ಆಟವನ್ನ ಇಬ್ಬರು ಬಿಡುವಿಲ್ಲದೆ ರೆಕಾರ್ಡ್ ಮಾಡ್ತಿರ್ತಾರೆ. ಡಿಸ್ಕಾರ್ಡ್, ಸ್ಟೀಮ್, ಎನ್‌ವಿಡಿಯಾ ಮೂರರ ಓವರ್‌ಲೇ ಯಾಕೆ? ಬೇಕಾದ ಒಂದನ್ನ ಮಾತ್ರ ಇಟ್ಟುಕೊಳ್ಳಿ. ಗೇಮ್ ಮೋಡ್ ಆನ್ ಇರಲಿ, ತೊಂದರೆ ಇಲ್ಲ.

ಕ್ರೋಮ್: ಸೆಟ್ಟಿಂಗ್ಸ್, ಸಿಸ್ಟಮ್‌ನಲ್ಲಿ ಮುಚ್ಚಿದ ಮೇಲೂ ಹಿನ್ನೆಲೆಯಲ್ಲಿ ಓಡಲಿ ಅನ್ನೋ ಸ್ವಿಚ್ ಆಫ್ ಮಾಡಿ. ಎಡ್ಜ್‌ನಲ್ಲಿ ಸ್ಟಾರ್ಟಪ್ ಬೂಸ್ಟ್ ಆಫ್. ನಿಮ್ಮ 12400ಎಫ್‌ನಲ್ಲಿ ಎಫ್ ಇರೋದ್ರಿಂದ ಒಳಗೇ ಗ್ರಾಫಿಕ್ಸ್ ಇಲ್ಲ. ಪಕ್ಕದಲ್ಲಿ ಯೂಟ್ಯೂಬ್ ಓಡಿದರೂ, ಡಿಸ್ಕಾರ್ಡ್‌ನಲ್ಲಿ ಯಾರಾದರೂ ಸ್ಕ್ರೀನ್ ಹಂಚಿದರೂ ಆ ಕೆಲಸ ಇದೇ 3060 ಮೇಲೆ ಬೀಳುತ್ತೆ.

ನುಡಿ ಬಗ್ಗೆ: ಸಿಪಿಯು ತಿನ್ನಲ್ಲ, ಆದರೆ ಕೀಬೋರ್ಡಿಗೂ ಗೇಮಿಗೂ ನಡುವೆ ಕೂತಿರುತ್ತೆ. ಆಟಕ್ಕೆ ಮುಂಚೆ ಟ್ರೇಯಿಂದ ಎಕ್ಸಿಟ್ ಮಾಡಿ. ವಿಂಡೋಸ್‌ನ ಕನ್ನಡ ಕೀಬೋರ್ಡ್ ಕೂಡ ಹಾಕಿದ್ದರೆ ಎಡ ಆಲ್ಟ್+ಶಿಫ್ಟ್ ಒತ್ತಿದಾಗ ಭಾಷೆ ಬದಲಾಗುತ್ತೆ. ಶಿಫ್ಟ್ ಒತ್ತಿ ಓಡೋ ಗೇಮಿನಲ್ಲಿ ಇದು ಗೊತ್ತಿಲ್ಲದೇ ಆಗಿಬಿಡುತ್ತೆ. ಟೈಮ್ ಆ್ಯಂಡ್ ಲ್ಯಾಂಗ್ವೇಜ್, ಟೈಪಿಂಗ್, ಅಡ್ವಾನ್ಸ್‌ಡ್ ಕೀಬೋರ್ಡ್ ಸೆಟ್ಟಿಂಗ್ಸ್‌ಗೆ ಹೋಗಿ ಆ ಹಾಟ್‌ಕೀ ತೆಗೆಯಿರಿ. ವಿಂಡೋಸ್+ಸ್ಪೇಸ್ ಹೇಗೂ ಉಳಿಯುತ್ತೆ.

---

ಕುಣಿಗಲ್_ನೆಟ್, ತುಮಕೂರು

ಪಿಂಗ್ ವಿಷಯ ಬೇರೆಯೇ. ಕಮಾಂಡ್ ಪ್ರಾಂಪ್ಟ್‌ನ ಎರಡು ಕಿಟಕಿ ತೆರೆದು, ಒಂದರಲ್ಲಿ ರೂಟರ್ ವಿಳಾಸಕ್ಕೆ (ಸಾಮಾನ್ಯವಾಗಿ 192.168.1.1), ಇನ್ನೊಂದರಲ್ಲಿ ಗೂಗಲ್‌ನ 8.8.8.8ಕ್ಕೆ ನಿಲ್ಲದ ಪಿಂಗ್ ಹಾಕಿ. ರೂಟರ್ ಪಿಂಗೇ ಏರಿದರೆ ವೈಫೈ ತೊಂದರೆ, ಲ್ಯಾನ್ ಕೇಬಲ್ ಎಳೆಯಿರಿ. ರೂಟರ್ 1 ಮಿಲಿಸೆಕೆಂಡಿನಲ್ಲೇ ನಿಂತು 8.8.8.8 ಮಾತ್ರ ಏರಿದರೆ ಯಾರೋ ಅಪ್‌ಲೋಡ್ ದಾರಿ ತುಂಬಿಸ್ತಿರಬಹುದು. ಲೆಕ್ಕ ಮುಗಿಸಿ ಬ್ಯಾಕಪ್ ಫೈಲನ್ನ ಒನ್‌ಡ್ರೈವ್ ಫೋಲ್ಡರಿಗೆ ಹಾಕೋ ರೂಢಿ ಇದ್ದರೆ ಸಂಜೆ ಅದೇ ಮೇಲಕ್ಕೆ ಹೋಗ್ತಿರುತ್ತೆ. ರಿಸೋರ್ಸ್ ಮಾನಿಟರ್‌ನ ನೆಟ್‌ವರ್ಕ್ ಪುಟದಲ್ಲಿ ‘ಸೆಂಡ್’ ಕಾಲಂ ಒತ್ತಿದರೆ ಯಾರು ಅಂತ ಮೊದಲ ಸಾಲಲ್ಲೇ ಕಾಣುತ್ತೆ.

ಒನ್‌ಡ್ರೈವ್ ಐಕಾನ್ ಒತ್ತಿ 2 ಗಂಟೆ ತಾತ್ಕಾಲಿಕವಾಗಿ ನಿಲ್ಲಿಸಿ (ಪಾಝ್). ವಿಂಡೋಸ್ ಅಪ್‌ಡೇಟ್, ಅಡ್ವಾನ್ಸ್‌ಡ್ ಆಪ್ಷನ್ಸ್, ಡೆಲಿವರಿ ಆಪ್ಟಿಮೈಸೇಷನ್‌ನಲ್ಲಿ ಬೇರೆ ಪಿಸಿಗಳ ಜೊತೆ ಹಂಚಿಕೊಳ್ಳೋದನ್ನ ಆಫ್ ಮಾಡಿ. ಈ ಪಿಸಿಯಲ್ಲಿ ಏನೂ ಕಾಣದಿದ್ದರೆ ಮನೆಯ ಫೋನ್‌ಗಳ ಫೋಟೋ ಬ್ಯಾಕಪ್ ನೋಡಿ.

ಇನ್ನೊಂದು, ನಮ್ಮ ಕಡೆಗೇ ಹೊಂದೋ ಮಾತು. ವಿಂಡೋಸ್‌ನ ಆಟೋಮ್ಯಾಟಿಕ್ ಮೇಂಟೆನೆನ್ಸ್ ಬೆಳಗಿನ ಜಾವ 2 ಗಂಟೆಗೆ ಅಂತ ಇಟ್ಟಿರ್ತಾರೆ. ರಾತ್ರಿ ಗೋಡೆ ಸ್ವಿಚ್ ಆಫ್ ಮಾಡಿ ಮಲಗೋ ಮನೆಯಲ್ಲಿ ಅದು ನಡೆಯೋದೇ ಇಲ್ಲ, ಬಾಕಿ ಕೆಲಸ ಮುಂದಿನ ಸಲ ಪಿಸಿ ಸುಮ್ಮನಿದ್ದಾಗ ಶುರುವಾಗುತ್ತೆ. ಬೆಸ್ಕಾಂ ಕರೆಂಟ್ ಹೋಗಿ ಬಂದ ತಕ್ಷಣ ಗೇಮ್ ತೆರೆದರೂ ಇದೇ ಗತಿ. ಡೆಸ್ಕ್‌ಟಾಪ್ ಬಂದ ಮೇಲೆ ಹತ್ತು ನಿಮಿಷ ಬಿಡಿ, ಟಾಸ್ಕ್ ಮ್ಯಾನೇಜರ್‌ನಲ್ಲಿ ಡಿಸ್ಕ್ ತಣ್ಣಗಾಗಲಿ.

---

ಶಿರಾಗೇಟ್_ರಿಗ್, ತುಮಕೂರು

ಎಲ್ಲರಿಗೂ ಧನ್ಯವಾದ. ಗ್ರಾಫ್ ತೆಗೆದೆ. ಮುಳ್ಳುಗಳು ಹೆಚ್ಚುಕಮ್ಮಿ 2 ಸೆಕೆಂಡಿಗೊಮ್ಮೆ ಬರ್ತಿವೆ. ಎಚ್‌ಡಬ್ಲ್ಯೂಇನ್ಫೋ ಮುಚ್ಚಿದರೆ ಬಹುಪಾಲು ಹೋಗುತ್ತೆ, ಅಪರೂಪಕ್ಕೆ ಒಂದು ಗುಂಪು ಉಳಿದಿದೆ. ಇನ್ನು ಕೇಳಬೇಕಾದ್ದು: ಗೇಮಿಗೆ ರಿಯಲ್‌ಟೈಮ್ ಪ್ರಯಾರಿಟಿ (ಸಿಪಿಯುನಲ್ಲಿ ಎಲ್ಲಕ್ಕಿಂತ ಮೊದಲ ಸರದಿ) ಕೊಡಬಹುದಾ? ವಿಂಡೋಸ್‌ನ ಭದ್ರತಾ ಸೌಲಭ್ಯ ಮೆಮೊರಿ ಇಂಟೆಗ್ರಿಟಿ ಆಫ್ ಮಾಡಿದ್ರೆ ಲಾಭ ಇದೆಯಂತೆ, ನಿಜವಾ? ವಿಂಡೋಸ್‌ನದೇ ಆ್ಯಂಟಿವೈರಸ್ ಡಿಫೆಂಡರ್ ಪೂರ್ತಿ ನಿಲ್ಲಿಸಲಾ?

---

ಬಂಗಾರಪೇಟೆ_ಫ್ರೇಮ್, ಕೋಲಾರ

ರಿಯಲ್‌ಟೈಮ್ ಬೇಡವೇ ಬೇಡ. ಮೌಸ್, ಕೀಬೋರ್ಡ್, ಡಿಸ್ಕ್ ಕೆಲಸಕ್ಕೆ ಸರದಿ ಸಿಗದೆ ಇಡೀ ಪಿಸಿ ಹಿಡಿದುಕೊಳ್ಳಬಹುದು. ‘ಹೈ’ ಕೊಟ್ಟರೂ ಕಣ್ಣಿಗೆ ಕಾಣೋ ಫಲ ಅಪರೂಪ. ಗೇಮ್ ಬೂಸ್ಟರ್ ಅಂತ ಬರೋವು ಮಾಡೋದೂ ಇಷ್ಟೇ, ಜೊತೆಗೆ ತಾವೇ ಇನ್ನೊಂದು ಹಿನ್ನೆಲೆ ಪ್ರೋಗ್ರಾಂ ಆಗಿ ಕೂರ್ತವೆ.

ಉಳಿದ ಗುಂಪಿಗೆ ಡಿಫೆಂಡರ್ ಸ್ಕ್ಯಾನ್ ಕಾರಣ ಇರಬಹುದು. ಮುಳ್ಳು ಬಂದ ಹೊತ್ತಿಗೆ ‘ಆ್ಯಂಟಿಮಾಲ್‌ವೇರ್ ಸರ್ವಿಸ್ ಎಕ್ಸಿಕ್ಯೂಟಬಲ್’ ಮೇಲೆ ಬಂದಿತ್ತಾ ನೋಡಿ. ಬಂದಿದ್ದರೆ ನಿಲ್ಲಿಸೋದು ಬೇಡ, ಹೊತ್ತು ಬದಲಿಸಿ. ಟಾಸ್ಕ್ ಶೆಡ್ಯೂಲರ್‌ನಲ್ಲಿ ಮೈಕ್ರೋಸಾಫ್ಟ್, ವಿಂಡೋಸ್, ವಿಂಡೋಸ್ ಡಿಫೆಂಡರ್ ಅಂತ ಇಳಿದು ‘ಶೆಡ್ಯೂಲ್ಡ್ ಸ್ಕ್ಯಾನ್’ ತೆರೆದು, ಟ್ರಿಗರ್ಸ್‌ನಲ್ಲಿ ಮಂಡಿ ಕೆಲಸದ ಹೊತ್ತಿಗೆ ವಾರಕ್ಕೊಂದು ಸಮಯ ಕೊಡಿ. ಎಕ್ಸ್‌ಕ್ಲೂಷನ್ (ಸ್ಕ್ಯಾನ್‌ನಿಂದ ವಿನಾಯಿತಿ) ಹಾಕೋದಿದ್ದರೆ ಗೇಮ್ ಫೋಲ್ಡರ್ ಒಂದಕ್ಕೇ. ಡೌನ್‌ಲೋಡ್ಸ್ ಫೋಲ್ಡರಿಗೆ ಯಾವತ್ತೂ ಹಾಕಬೇಡಿ. ಇನ್ನೊಂದು ಕಂಪನಿ ಆ್ಯಂಟಿವೈರಸ್ ಲೈಸೆನ್ಸ್ ಮುಗಿದು ಹಾಗೇ ಕೂತಿದ್ದರೆ ಅದನ್ನ ಪೂರ್ತಿ ಕಿತ್ತು ಹಾಕಿ. ಅದರ ಡ್ರೈವರ್ ಪ್ರತಿ ಫೈಲನ್ನೂ ತಡೆದು ನೋಡ್ತಾನೇ ಇರಬಹುದು.

ಅದೂ ಅಲ್ಲದಿದ್ದರೆ ಡ್ರೈವರ್‌ಗಳ ವಿಳಂಬ ಅಳೆಯೋ ಲೇಟೆನ್ಸಿಮಾನ್ ಹತ್ತು ನಿಮಿಷ ಓಡಿಸಿ, ಡ್ರೈವರ್ಸ್ ಪುಟ ನೋಡಿ. ಎನ್‌ಡಿಐಎಸ್ ಮೇಲಿದ್ದರೆ ನೆಟ್‌ವರ್ಕ್ ಡ್ರೈವರ್ ಹೊಸದು ಹಾಕಬೇಕು.

---

ನಂದಿತಪ್ಪಲು_ಪಿಸಿ, ಚಿಕ್ಕಬಳ್ಳಾಪುರ

ಮೆಮೊರಿ ಇಂಟೆಗ್ರಿಟಿ ಆಫ್ ಮಾಡಿದರೆ ಕೆಲವು ಗೇಮಿನಲ್ಲಿ ವೇಗ ಸಿಗೋದು ನಿಜ. ಆಟದ ಹೊತ್ತಿಗೆ ಆಫ್ ಮಾಡಿ ಆಮೇಲೆ ಆನ್ ಮಾಡಬಹುದು ಅಂತ ಮೈಕ್ರೋಸಾಫ್ಟ್ ಕೂಡ 2022ರಲ್ಲಿ ಹೇಳಿತ್ತು. ಆದರೆ ನಿಮ್ಮ ಪಿಸಿಯಲ್ಲಿ ಮನೆಯವರ ಡಿಜಿಟಲ್ ಸಹಿ, ಬ್ಯಾಂಕ್ ಕೆಲಸ ನಡೀತಿದೆ. ನಾನಾಗಿದ್ದರೆ ಮುಟ್ಟಲ್ಲ. ಸೆಕ್ಯೂರ್ ಬೂಟ್, ಟಿಪಿಎಂ ಎರಡನ್ನೂ ಬಯಾಸ್‌ನಲ್ಲಿ ಮುಟ್ಟಬೇಡಿ, ಆಫ್ ಮಾಡಿದರೆ ವಿಂಡೋಸ್ 11ರಲ್ಲಿ ವ್ಯಾಲರಂಟ್ ತೆರೆಯೋದೇ ಇಲ್ಲ. ಪೇಜ್ ಫೈಲ್ (ಮೆಮೊರಿ ಸಾಲದಾಗ ಡಿಸ್ಕಿನಲ್ಲಿ ಬಳಸೋ ಜಾಗ) ಕೂಡ ಹಾಗೇ ಇರಲಿ, 16 ಜಿಬಿಯಲ್ಲಿ ಅದನ್ನ ತೆಗೆದರೆ ಗೇಮ್ ನಡುವೆಯೇ ಬಿದ್ದುಹೋಗಬಹುದು.

ಒಂದೊಂದನ್ನೇ ದಿನಾ ನಿಲ್ಲಿಸೋದಕ್ಕಿಂತ ಆಟಕ್ಕೆ ಬೇರೆ ವಿಂಡೋಸ್ ಯೂಸರ್ ಮಾಡಿ. ಸ್ಟಾರ್ಟಪ್ ಪ್ರೋಗ್ರಾಂಗಳು ಬಹುತೇಕ ಯೂಸರ್‌ಗೆ ತಕ್ಕಂತೆ ಬೇರೆ ಬೇರೆ; ನುಡಿ, ಕ್ರೋಮ್ ಹೊಸ ಯೂಸರ್‌ನಲ್ಲಿ ಸಾಮಾನ್ಯವಾಗಿ ನೀವು ಸೇರಿಸದೆ ಬರಲ್ಲ, ಒನ್‌ಡ್ರೈವ್ ಮಾತ್ರ ತಾನಾಗೇ ಬರಬಹುದು. ಬಂದರೂ ಅಲ್ಲಿ ಮಾತ್ರ ಡಿಸೇಬಲ್ ಮಾಡಬಹುದು, ಮನೆಯವರ ಕೆಲಸಕ್ಕೆ ಅಡ್ಡಿಯಿಲ್ಲ. ಸರ್ವಿಸ್‌ಗಳು ಮಾತ್ರ ಇಬ್ಬರಿಗೂ ಒಂದೇ, ಪ್ರಿಂಟರ್ ಸಹಾಯಕ ಅಂಥವನ್ನ ಮ್ಯಾನ್ಯುಯಲ್‌ಗೆ ಹಾಕಿ. ಎಂಸೈನರ್ ಸಹಿ ಮಾಡೋ ದಿನ ಐಕಾನ್ ಒತ್ತಿ ತೆರೆದರೆ ಸಾಕು.

ಹಗಲಿನ ಯೂಸರ್‌ನಿಂದ ‘ಸೈನ್ ಔಟ್’ ಆಗಬೇಕು. ‘ಸ್ವಿಚ್ ಯೂಸರ್’ ಕೊಟ್ಟರೆ ಅಲ್ಲಿ ತೆರೆದದ್ದೆಲ್ಲ ಹಿಂದೆ ಓಡ್ತಾನೇ ಇರುತ್ತೆ. ಟಾಸ್ಕ್ ಮ್ಯಾನೇಜರ್‌ನ ಯೂಸರ್ಸ್ ಪುಟದಲ್ಲಿ ಒಂದೇ ಹೆಸರು ಕಾಣಬೇಕು. ಗೇಮ್ ಮತ್ತೆ ಇನ್‌ಸ್ಟಾಲ್ ಬೇಡ, ಸ್ಟೀಮ್‌ನಲ್ಲಿ ತಗೊಂಡಿದ್ದರೆ ಅದೇ ಲೈಬ್ರರಿ ಫೋಲ್ಡರ್ ತೋರಿಸಿ. ಜಿಟಿಎ 5ರ ಸೇವ್ ಮತ್ತು ಗ್ರಾಫಿಕ್ಸ್ ಸೆಟ್ಟಿಂಗ್ ಹಳೇ ಯೂಸರ್‌ನ ಡಾಕ್ಯುಮೆಂಟ್ಸ್ ಒಳಗೆ ರಾಕ್‌ಸ್ಟಾರ್ ಗೇಮ್ಸ್ ಫೋಲ್ಡರಿನಲ್ಲಿರುತ್ತೆ, ಅದನ್ನ ಹೊಸ ಯೂಸರ್‌ನ ಡಾಕ್ಯುಮೆಂಟ್ಸ್‌ಗೆ ಕಾಪಿ ಮಾಡಿದ ಮೇಲೆ ಗೇಮ್ ತೆರೆಯಿರಿ.